ಚಿಗವ್ವನ ಆಡಿನ ಹಿಂದೆ ಹೋದ ಮಧ್ಯಾಹ್ನ

ದೆವ್ವ, ಮಾಟ, ಮಂತ್ರದ ಮಾತು ಬಂದರೆ ನಗುವವರಲ್ಲಿ ನಾನೇ ಮೊದಲಿಗಳು. ಅಂಕಲಿಯ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತಿದ್ದವಳು, ನಗದೆ ಇದ್ದರೆ ಹೇಗೆ? ಈಗಲೂ ನಂಬುತ್ತೇನೆಂದು ಹೇಳಲಾರೆ. ಆದರೆ ಎಂಬತ್ತರ ದಶಕದ ಒಂದು ಮಳೆಗಾಲದ ಮಧ್ಯಾಹ್ನ ನಡೆದದ್ದನ್ನು ನಿಮಗೆ ಇದ್ದಂತೆ ಹೇಳಿಬಿಡುತ್ತೇನೆ, ನೀವೇ ವಿಚಾರ ಮಾಡಿ.

ನಮ್ಮ ಮನೆಯಲ್ಲಿ ಶೇವಂತಾ ಚಿಗವ್ವ ಇದ್ದಳು, ನಮ್ಮ ಅವ್ವನ ತಂಗಿ. ಅವ್ವ ತೀರಿಕೊಂಡ ಮೇಲೆ ನನ್ನನ್ನೂ ತಂಗಿ ಸುಮಿಯನ್ನೂ ಬೆಳೆಸಿದವಳು ಅವಳೇ. ಮಧ್ಯಾಹ್ನ ಊಟವಾದ ಮೇಲೆ ಪಡಸಾಲೆಯಲ್ಲಿ ಕೌದಿ ಹಾಸಿ ಮಲಗುತ್ತಿದ್ದಳು. ಮಲಗುವ ಮುಂಚೆ ಅರ್ಧ ರೊಟ್ಟಿ, ಒಂದಿಷ್ಟು ಶೇಂಗಾ ಚಟ್ನಿ, ಒಂದು ಬೆಲ್ಲದ ಚೂರು ಅರಿವೆಯಲ್ಲಿ ಕಟ್ಟಿ ದಿಂಬಿನ ಪಕ್ಕ ಇಟ್ಟುಕೊಳ್ಳುವಳು. ಊರಿಗೆ ಹೊರಟವರಿಗೆ ಬುತ್ತಿ ಕಟ್ಟುವುದು ನಮ್ಮ ಕಡೆ ಎಲ್ಲರ ಮನೆಯ ರೂಢಿ. ನಿದ್ದೆಗೆ ಬುತ್ತಿ ಕಟ್ಟುವವಳು ಇವಳೊಬ್ಬಳೇ.

“ಕನಸಿನ್ಯಾಗ ತಿರಗಾಡವರಿಗೆ ಒಂದ ಜೋಡಿ ಇರತೈತಿ ಬೇ. ನಂದು ಬಿಳಿ ಆಡು, ಕಿವಿ ಕೆಂಪ. ಅದು ಮುಂದ, ನಾ ಹಿಂದ. ಉಪಾಸ ಕರಕೊಂಡ ಹೋಗಾಕ ಬರತೈತೇನ ಅದನ್ನ?” ಎನ್ನುತ್ತಿದ್ದಳು. ಎದ್ದ ಮೇಲೆ ನಿಪ್ಪಾಣಿ ಬಜಾರಿನಲ್ಲಿ ಯಾರು ಕಂಡರೆಂದು ಸುದ್ದಿ ಹೇಳುವಳು. ದಾರಿಯಲ್ಲಿ ಯಾರದೋ ಮೆಂತ್ಯೆಗೆ ಬಾಯಿ ಹಾಕಿತೆಂದು ಆಡನ್ನು ಬೈಯುವಳು. ಬುತ್ತಿ ಮಾತ್ರ ಕಟ್ಟಿದ ಹಾಗೇ ಇರುತ್ತಿತ್ತು. ಸಂಜೆ ಚಹಾದ ಜೊತೆ ನಾನೇ ಅದನ್ನು ತಿನ್ನುತ್ತಿದ್ದೆ. “ನಿನ್ನ ಆಡಿಗೆ ಹಸಿವೆ ಇಲ್ಲೇನ?” ಎಂದು ಕಾಡಿಸಿದರೆ, “ಅದು ವಾಸನಿ ಉಂಡ ಹೋಗತೈತಿ” ಎಂದು ಬಾಯಿ ಮುಚ್ಚಿಸುತ್ತಿದ್ದಳು.

ಆ ವರ್ಷ ಸುಮಿ ಚೊಚ್ಚಲ ಬಸುರಿ. ಅವಳನ್ನು ಹೊಳೆಯಾಚೆ ಉಗಾರಕ್ಕೆ ಕೊಟ್ಟಿತ್ತು. ಗಂಡ ಅಪ್ಪಾಸಾಹೇಬ ಸಕ್ಕರೆ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದ. ಮೊದಲ ಹೆರಿಗೆ ತವರಿನಲ್ಲೇ ಆಗಬೇಕು. ಆದರೆ ಅಪ್ಪ, “ಆಷಾಢ ಮುಗೀಲಿ, ಶ್ರಾವಣದಾಗ ಕರಕೊಂಡ ಬರೂಣು” ಎಂದು ತಡೆದರು. ಕೃಷ್ಣೆ ಅಲ್ಲಿಯವರೆಗೆ ಕಾಯಲಿಲ್ಲ. ಮೇಲೆ ಮಹಾರಾಷ್ಟ್ರದಲ್ಲಿ ಮಳೆ ಹೊಡೆದು ಹೊಳೆ ಏರಿತು, ಸೇತುವೆ ಮುಳುಗಿತು, ಬಸ್ಸು ನಿಂತವು, ಫೋನೂ ಸತ್ತಿತು. ಮುಳ್ಳು ಚುಚ್ಚಿದರೆ ಓಣಿಗೆಲ್ಲ ಕೇಳುವಂತೆ ಅಳುವ ಹುಡುಗಿ ನಮ್ಮ ಸುಮಿ. ಅಂಥವಳು ತವರಿನವರು ಒಬ್ಬರೂ ಇಲ್ಲದೆ ಹೆರಬೇಕಲ್ಲ ಎಂದು ನನಗೆ ಊಟ ಸೇರದಾಯಿತು.

“ನಾ ಹೋಗಿ ನೋಡಿ ಬರತೀನಿ” ಎಂದು ಚಿಗವ್ವ ಟೊಂಕ ಕಟ್ಟಿದಳು. ಹೋಗುವುದೆಂದರೆ ಮಲಗುವುದು. ಮಲಗುವುದಕ್ಕೆ ಟೊಂಕ ಕಟ್ಟಿದವರನ್ನು ನಾನು ಕಂಡದ್ದು ಅದೇ ಮೊದಲು. ಆದರೆ ದಿಂಬಿಗೆ ತಲೆ ತಾಗಿದೊಡನೆ ಗೊರಕೆ ಹೊಡೆಯುತ್ತಿದ್ದವಳಿಗೆ ಈಗ ಚಿಂತೆಯಿಂದ ನಿದ್ದೆಯೇ ಹತ್ತಲೊಲ್ಲದು. ಬುತ್ತಿ ದೊಡ್ಡದಾಯಿತು, ಕೌದಿ ಎರಡಾದವು. ಅಪ್ಪ ಅಂಗಳದಲ್ಲಿ ಕೂತು ಕಾಗೆ ಓಡಿಸಿದರು. ನಂಬದ ನಾನು ಕೂಡ ತುದಿಗಾಲಲ್ಲಿ ಓಡಾಡಿದೆ.

“ಎಲ್ಲಾರೂ ಹಿಂಗ ನನ್ನ ಮಾರಿ ನೋಡ್ಕೋತ ಕುಂತ್ರ ನಾ ಹೆಂಗ ಮಕ್ಕೊಳ್ಳಿ?” ಎಂದು ಅವಳು ರೇಗಿದಳು. ಅವಳ ತಲೆಗೆ ಎಣ್ಣೆ ಹಚ್ಚುತ್ತ ಕೂತ ನಾನು ಯಾವಾಗ ಕೌದಿಯ ಅಂಚಿಗೆ ಒರಗಿದೆನೋ ಗೊತ್ತಿಲ್ಲ.

ಬಾಗಿಲಲ್ಲಿ ಬಿಳಿ ಆಡು ನಿಂತಿತ್ತು, ಕಿವಿ ಕೆಂಪು. ನನ್ನನ್ನು ನೋಡಿ, ಇವಳಲ್ಲವಲ್ಲ ಎಂಬಂತೆ ತುಸು ಅನುಮಾನಿಸಿತು. ಆಮೇಲೆ ಬುತ್ತಿಯನ್ನು ಮೂಸಿ ಹೊರಟಿತು, ನಾನು ಹಿಂದೆ ಹೋದೆ. ಅದು ಹೊಳೆಯ ನೀರಿನ ಮೇಲೆ ನಡೆಯಿತು, ನಾನೂ ನಡೆದೆ. ಆಗತಾನೆ ಸಾರಿಸಿದ ನೆಲದಂತೆ ಕಾಲಿಗೆ ತಂಪು ಹತ್ತಿತು. ಹೆದರಿಕೆ ಎಳ್ಳಷ್ಟೂ ಇರಲಿಲ್ಲ. ಚಿಕ್ಕವಳಿದ್ದಾಗ ಕಬ್ಬಿನ ಗಾಡಿಯ ಹಿಂದೆ ಓಡುವಾಗ ಆಗುತ್ತಿದ್ದಂಥದೇ ಸಂತೋಷ. ಉಗಾರದ ಮನೆಯ ಒಳಕೋಣೆಯಲ್ಲಿ ಸುಮಿ ಹಲ್ಲು ಕಚ್ಚಿ ನರಳುತ್ತಿದ್ದಳು. ಅವಳ ಅತ್ತೆಯೂ ಸೂಲಗಿತ್ತಿಯೂ ಅಲ್ಲಿದ್ದರು, ನನ್ನ ಕಡೆ ಯಾರೂ ನೋಡಲಿಲ್ಲ. ನಾನು ಸುಮಿಯ ತಲೆದೆಸೆಗೆ ಕೂತು ಅವಳ ಕೈ ಹಿಡಿದೆ. ಬಹಳ ಹೊತ್ತಿನ ಮೇಲೆ ಕೂಸು ಅತ್ತಿತು. ಹೆಣ್ಣು. ಅಷ್ಟರಲ್ಲಿ ಆಡು ನನ್ನ ಸೆರಗನ್ನು ಬಾಯಲ್ಲಿ ಹಿಡಿದು ಎಳೆಯಿತು.

ಕಣ್ಣು ಬಿಟ್ಟರೆ, ಎಳೆಯುತ್ತಿದ್ದವಳು ಚಿಗವ್ವ. “ಏಳ ಬೇ! ನನ್ನ ಜೋಡಿ ಹಿಂದ ಹೋಗಂತ ನಿನಗ ಯಾರ ಹೇಳಿದ್ರು? ನಾ ಇಲ್ಲಿ ಕಣ್ಣ ಪಿಳಿಪಿಳಿ ಬಿಟಕೊಂಡ ಬಿದ್ದೀನಿ!” ನನ್ನ ಮುಖ ನೋಡಿ ಅವಳಿಗೆ ಹೇಗೆ ತಿಳಿಯಿತೋ ಕಾಣೆ.

“ಹೆಣ್ಣು” ಎಂದೆ.

“ಇಬ್ರೂ ಆರಾಮ?”

“ಆರಾಮ.”

ಅವಳಿಗೆ ಅಷ್ಟೇ ಸಾಕಾಯಿತು. ನಮ್ಮಲ್ಲಿ ಗಂಡಾದರೆ ಪೇಢೆ, ಹೆಣ್ಣಾದರೆ ಜಿಲೇಬಿ ಹಂಚುತ್ತಾರೆ. ಚಿಗವ್ವ ಸಂಜೆಯೊಳಗೆ ಇಡೀ ಓಣಿಗೆ ಜಿಲೇಬಿ ಹಂಚಿಬಿಟ್ಟಳು. “ಹೊಳಿ ತುಂಬಿ ಹರ್ಯಾಕತ್ತೈತಿ, ಸುದ್ದಿ ಯಾರ ತಂದ್ರು?” ಎಂದು ಎದುರುಮನೆಯ ಯಲ್ಲವ್ವ ಕೇಳಿದಳು. “ನಮ್ಮಾಕಿ ಹೋಗಿ ಬಂದಾಳ” ಎಂದು ಚಿಗವ್ವ ನನ್ನತ್ತ ಬೆರಳು ತೋರಿಸಿದಳು. ವಿಜ್ಞಾನ ಕಲಿಸುವವಳು ಮುಖ ಎಲ್ಲಿ ಮುಚ್ಚಿಕೊಳ್ಳಬೇಕು? ಜನ ನಕ್ಕರೆ ನಗಲಿ. ನನ್ನ ಮಾತು ಸುಳ್ಳಾಗಿ, ಅಲ್ಲಿ ಸುಮಿಗೆ ಏನಾದರೂ ಆಗಿದ್ದರೆ ಎಂಬುದೇ ನನ್ನ ಭಯವಾಗಿತ್ತು.

ನೀರು ಇಳಿದ ದಿನವೇ ಅಪ್ಪಾಸಾಹೇಬ ಸೈಕಲ್ ಮೇಲೆ ಬಂದ. ಹ್ಯಾಂಡಲಿಗೆ ಪೊಟ್ಟಣ ತೂಗುತ್ತಿತ್ತು. ಅವನು ಬಾಯಿ ತೆಗೆಯುವ ಮೊದಲೇ ಯಲ್ಲವ್ವ ತನ್ನ ಕಟ್ಟೆಯಿಂದ, “ಮತ್ತ ಜಿಲೇಬಿ ಏನ್ರಿ ಅಳಿಯಂದ್ರ? ನಾವು ಹೋದ ವಾರಾನ ತಿಂದೀವಿ!” ಎಂದು ಕೂಗಿದಳು. ಪಾಪ, ಅವನು ಸೈಕಲ್ ಹಿಡಿದುಕೊಂಡೇ ಪಿಳಿಪಿಳಿ ನೋಡಿದ. ಪೊಟ್ಟಣದಲ್ಲಿ ಜಿಲೇಬಿಯೇ ಇತ್ತು. ಅಪ್ಪ ನಕ್ಕು ನಕ್ಕು ಕಣ್ಣು ಒರೆಸಿಕೊಂಡರು. ಕೂಸು ಹುಟ್ಟಿದ್ದು ನಾನು ಆಡಿನ ಹಿಂದೆ ಹೋದ ಅದೇ ಮಧ್ಯಾಹ್ನವೆಂದು ಅವನಿಂದ ತಿಳಿಯಿತು.

ಮರುದಿನ ಅಳಿಯನ ಜೊತೆಗೇ ಎಲ್ಲರೂ ಉಗಾರಕ್ಕೆ ಹೊರಟೆವು. ಸುಮಿಯ ಮುಂದೆ ಈ ಮಾತು ತೆಗೆಯಬೇಡಿರೆಂದು ದಾರಿಯುದ್ದಕ್ಕೂ ನಾನು ಬೇಡಿಕೊಂಡಿದ್ದೆ. ಕನಸು ಹೀಗೆ ನಿಜವಾದದ್ದಕ್ಕೆ ಕಾರಣ ಹುಡುಕುವುದು ಕಷ್ಟವಲ್ಲ. ಹೆಣ್ಣು, ಗಂಡು ಎರಡರಲ್ಲಿ ಒಂದು ಆಗಲೇಬೇಕು. ದಿನ ತುಂಬಿದವಳು ಅಂದೇ ಹೆತ್ತರೆ ಅದರಲ್ಲೇನು ಆಶ್ಚರ್ಯ? ಯಾವ ವಿದ್ಯಾರ್ಥಿಯಾದರೂ ಹೀಗೆ ಬರೆದಿದ್ದರೆ ನಾನೇ ಪೂರ್ತಿ ಅಂಕ ಕೊಡುತ್ತಿದ್ದೆ.

ಸುಮಿ ಚಿಗವ್ವನನ್ನು ತಬ್ಬಿಕೊಂಡಳು, ಅಪ್ಪನ ಕಾಲು ಮುಟ್ಟಿದಳು. ನನ್ನ ಕಡೆ ಮಾತ್ರ ಮುಖ ಊದಿಸಿಕೊಂಡು ನೋಡಿದಳು.

“ಅಕ್ಕಾ, ಅವತ್ತ ಅಷ್ಟೊತ್ತು ನನ್ನ ಕೈ ಹಿಡಕೊಂಡ ಕುಂತಾಕಿ, ಕೂಸಿನ ಎತ್ತಿಕೊಳ್ಳದ, ಹೇಳದ ಕೇಳದ ಹೆಂಗ ಎದ್ದ ಹೋದಿ?”

“ಯಾರೂ ಬಂದಿರಲಿಲ್ಲವ್ವ, ನೋವಿನ್ಯಾಗ ಹಂಗ ಅನಿಸೈತಿ ನಿನಗ” ಎಂದರು ಅವಳ ಅತ್ತೆ. ಸುಮಿ ಕೇಳಲಿಲ್ಲ. “ಅಕ್ಕ ಇದ್ಲು. ಅದಕ್ಕ ನಾ ಅಳಲಿಲ್ಲ” ಎಂದಳು.

ಅವಳು ಅಳಲಿಲ್ಲವೆಂಬುದು ನಿಜವೇ ಎಂದು ಅತ್ತೆಯ ಮುಖ ನೋಡಿದೆ. ಅವರು ಹೌದೆಂದು ತಲೆ ಆಡಿಸಿದರು. ಕೂಸನ್ನು ಮಡಿಲಿಗೆ ತೆಗೆದುಕೊಂಡು, “ತಪ್ಪಾತವ್ವ, ಇನ್ನೊಮ್ಮೆ ಬಂದ್ರ ಹೇಳೇ ಹೋಗತೀನಿ” ಎಂದೆ.