ಗುರುಪಾದಪ್ಪ ಕಾಕಾನ ಕೊನೆಯ ಶೂಟಿಂಗ್

ಬದುಕಿರುವಾಗಲೇ ತಮ್ಮ ಫೋಟೋಕ್ಕೆ ಗಂಧದ ಹಾರ ಹಾಕಿಸಿ, ಅದರ ಮುಂದೆ ನಿಂತು ಮೀಸೆಯೊಳಗೇ ನಗುತ್ತಿದ್ದವರನ್ನು ನಾನು ಕಂಡದ್ದು ಒಬ್ಬರನ್ನೇ. ಅವರು ಸಿನಿಮಾ ನಿರ್ಮಾಪಕ ಗುರುಪಾದಪ್ಪ ಕಾಕಾ. ಮೊದಲ ಚಿತ್ರದಲ್ಲಿ ನಾಯಕನ ಸತ್ತ ಅಪ್ಪನದೊಂದು ಫೋಟೋ ಬೇಕಾಗಿತ್ತು. ಕೇಳಿದವರೆಲ್ಲ ಹಿಂಜರಿದಾಗ ಕಾಕಾ ತಮ್ಮದನ್ನೇ ಗೋಡೆಗೆ ತೂಗುಹಾಕಿಸಿದರು. ಆ ಚಿತ್ರ ಗೆದ್ದಿತು. ಅಲ್ಲಿಂದ ಮುಂದೆ ಅವರ ಯಾವ ಚಿತ್ರ ನೋಡಿದರೂ ಸತ್ತ ಅಪ್ಪ ಅವರೇ. ಧಾರವಾಡದ ಸಪ್ತಾಪುರದಲ್ಲಿ ವಿದ್ಯಾರ್ಥಿಗಳ ಪಾಸ್‌ಪೋರ್ಟ್ ಫೋಟೋ ತೆಗೆಯುತ್ತಿದ್ದ ನನ್ನನ್ನು ಸಿನಿಮಾಕ್ಕೆ ಎಳೆದದ್ದೂ ಆ ಫೋಟೋಕ್ಕಾಗಿಯೇ. "ಸತ್ತಂಗ ಕಾಣಬೇಕು ನೋಡಪಾ, ಆದ್ರ ಛಲೋ ಮನಶ್ಯಾ ಇದ್ದ ಅನಸಬೇಕು," ಎಂದು ಸ್ಟೂಲಿನ ಮೇಲೆ ನೆಟ್ಟಗೆ ಕೂತಿದ್ದರು.

ಹುಬ್ಬಳ್ಳಿ ಸ್ಟೇಷನ್ನಿನಲ್ಲಿ ಸಿನಿಮಾ ಡಬ್ಬಿ ಇಳಿಸಿಕೊಂಡು ಊರೂರಿನ ಟೂರಿಂಗ್ ಟಾಕೀಸಿಗೆ ಮುಟ್ಟಿಸುವುದರಿಂದ ಶುರುವಾದ ಬದುಕು ಅವರದು. ನಮ್ಮ ಕಡೆಯ ಮಾತಿನಲ್ಲೇ ಸಿನಿಮಾ ಆಗಬೇಕೆಂಬ ಹಟ ಹಿಡಿದು, ನಾಟಕದ ಮಂದಿಯನ್ನು ಕೂಡಿಸಿ ಒಂದರ ಹಿಂದೊಂದು ತೆಗೆದರು. ಗೆದ್ದದ್ದಕ್ಕಿಂತ ಸೋತದ್ದೇ ಹೆಚ್ಚು. ಮೊದಲ ಆಟಕ್ಕೆ ಥಿಯೇಟರಿನಲ್ಲಿ ಪರದೆಗೆ ಬೆನ್ನು ಮಾಡಿ, ಮಂದಿಯ ಮುಖ ನೋಡುತ್ತ ನಿಲ್ಲುತ್ತಿದ್ದರು. "ಸಿನಿಮಾ ಅಂದ್ರ ನಂಬಸೋ ವ್ಯಾಪಾರ. ನಂಬ್ಯಾರೋ ಇಲ್ಲೋ ನೋಡಬೇಕಲ್ಲ," ಎನ್ನುವರು. ಆ ನಂಬಿಸುವುದೊಂದನ್ನು ಬಿಟ್ಟರೆ ಅವರಿಗೆ ಬೇರೆ ದೇವರಿರಲಿಲ್ಲ.

ಅವರ ಹೆಂಡತಿ ನೀಲವ್ವನಿಗೆ ಇದೆಲ್ಲ ಕಂಡರೆ ಆಗದು. ಹಾರ ಹಾಕಿದ ಗಂಡನ ಮುಖ ಪರದೆಯ ಮೇಲೆ ಬಂತೆಂದರೆ ಎದ್ದು ಹೊರಗೆ ನಡೆದುಬಿಡುತ್ತಿದ್ದರು. ಕಾಕಾನ ಹೃದಯದ ಆಪರೇಷನ್ ಆದ ಮೇಲಂತೂ ಆ ತಾಯಿಗೆ ನಿದ್ದೆಯೇ ಇಲ್ಲ. ಗಂಡ ಒಂದು ಸಲ ಕೆಮ್ಮಿದರೂ ಅಡುಗೆಮನೆಯಿಂದ ಇಣುಕಿ ನೋಡುವರು.

ಹೋದ ವರ್ಷ ಶುರುವಾದ ಚಿತ್ರದಲ್ಲಿ ಊರ ಗೌಡನೊಬ್ಬನ ಸಾವಿನ ದೃಶ್ಯವಿತ್ತು. ನಮ್ಮ ಕಡೆ ಲಿಂಗಾಯತರಲ್ಲಿ ಸತ್ತವರನ್ನು ಗೋಡೆಗೆ ಆನಿಸಿ ಕೂರಿಸುತ್ತಾರೆ. ಹಣೆಗೆ ವಿಭೂತಿ, ಮೈತುಂಬ ಹೂವು, ಎದುರಿಗೆ ಭಜನೆ. ಗೌಡನ ಪಾತ್ರದ ನಟ ಆ ದಿನ ಕೈಮುಗಿದ. "ಏನರ ಮಾಡ ಅನ್ರಿ ಮಾಡತೇನಿ, ಹೆಣಾ ಆಗಿ ಮಾತ್ರ ಕೂಡಾಂಗಿಲ್ರಿ," ಎಂದ. ಕಾಕಾ ಒಂದು ಗಳಿಗೆಯೂ ಯೋಚಿಸಲಿಲ್ಲ. "ಮುಖದ ತುಂಬ ಹೂವ ಇಳಿಬಿಡ್ರಿ, ನಾನ ಕೂಡತೇನಿ," ಎಂದರು.

ಶೂಟಿಂಗ್ ನಡೆದದ್ದು ಗೋಪನಕೊಪ್ಪದಲ್ಲಿ, ಅವರದೇ ಮನೆಯ ಪಡಸಾಲೆಯಲ್ಲಿ. ನೀಲವ್ವ ನಮ್ಮೆಲ್ಲರ ಎದುರಿಗೇ ಗಂಡನ ಕೈ ಹಿಡಿದುಕೊಂಡರು. "ನಿಮ್ಮ ಕಾಲ ಬೀಳತೇನ್ರಿ. ಫೋಟೋ ಆತು, ಸುಮ್ಮನಿದ್ದೆ. ಇದು ಬ್ಯಾಡ್ರಿ. ಅದೂ ನಾವ ಇರೂ ಮನ್ಯಾಗ."

"ಸುಳ್ಳ ಸತ್ತವ ಖರೇ ಸಾಯಾಂಗಿಲ್ಲ ನೀಲಾ. ಒಳಗ ಹೋಗಿ ಕೂಡು," ಎಂದು ಕಾಕಾ ಕೈ ಬಿಡಿಸಿಕೊಂಡರು.

ಎಲ್ಲ ಖರೇ ಕಾಣಬೇಕೆಂದು ಓಣಿಯ ಭಜನಾ ಮೇಳದವರನ್ನೇ ಕರೆಸಿದ್ದರು. ನಿಜವಾದ ಸಾವಿಗೆ ಹಾಡುವವರು ಅವರು. ಕಾಕಾ ಕಣ್ಣು ಮುಚ್ಚಿ ಕೂತರು, ಗೌಡಸಾನಿಯ ಪಾತ್ರದವಳು ಎದೆ ಬಡಿದುಕೊಂಡಳು, ತಾಳ ಏರಿತು. ಸ್ಟಿಲ್ ಫೋಟೋ ತೆಗೆಯಬೇಕಿದ್ದ ನನ್ನ ಕ್ಯಾಮರಾ ಕೈಯಲ್ಲೇ ಉಳಿಯಿತು. ಅಷ್ಟು ಚೆನ್ನಾಗಿ ಸತ್ತಿದ್ದರು ಕಾಕಾ. ನಿರ್ದೇಶಕ ಕಟ್ ಎಂದ. ಕಾಕಾ ಹೂವು ಕೊಡವಿ ಎದ್ದರೂ ಮೇಳದವರು ಏಳಲಿಲ್ಲ. ಮೇಳದ ಹಿರಿಯ ಫಕೀರಪ್ಪಜ್ಜ ತಾಳ ಕೆಳಗಿಟ್ಟು ಹೇಳಿದ, "ಸಾವ್ಕಾರ್ರ, ಹಾಡಿ ಕೂಡಿಸಿದ ಮ್ಯಾಲ ತಾವ ನಡಕೋಂತ ಹೊಸ್ತಿಲಾ ದಾಟಬಾರದ್ರಿ. ನಾಕು ಮಂದಿ ಎತ್ತಿ ದಾಟಸ್ತೀವಿ. ಇಲ್ಲಂದ್ರ ಆ ಜಾಗಾ ಖಾಲಿ ಉಳೀತೈತಿ. ಖಾಲಿ ಬಿಡಬಾರದು."

ಬಾಗಿಲ ಸಂದಿಯಿಂದ ನೀಲವ್ವ, "ಅಜ್ಜ ಹೇಳಿದ್ದ ಕೇಳ್ರಿ," ಎಂದರು.

"ಹೊರಗ ಬೆಳಕ ಹೋಗಾಕತ್ತೈತಿ, ಇನ್ನೊಂದು ಶಾಟ್ ಐತಿ," ಎಂದು ಕಾಕಾ ಹಣೆಯ ವಿಭೂತಿಯೊಂದಿಗೇ ಹೊಸ್ತಿಲು ದಾಟಿದರು. ನನಗೆ ಇಂಥವುಗಳಲ್ಲಿ ನಂಬಿಕೆಯಿಲ್ಲ. ಆದರೂ ಅಂದಿನಿಂದ ಫೋನ್ ರಿಂಗಾದರೆ ಸಾಕು, ಕಾಕಾನ ಸುದ್ದಿಯೇ ಎಂದು ಹೆದರುತ್ತಿದ್ದೆ.

ಹದಿನೈದಿಪ್ಪತ್ತು ದಿನ ಕಳೆದಿರಬೇಕು, ಅವರ ಮನೆಯಿಂದಲೇ ಫೋನ್ ಬಂತು. ಎತ್ತಿದರೆ ಕಾಕಾನ ದನಿ. ಹೋದ ಜೀವ ಬಂದಂತಾಯಿತು ನನಗೆ. ಅವರು, "ನೀಲಾ ಹೋದಳು," ಎಂದರು.

ಮಧ್ಯಾಹ್ನ ಉಂಡು ಅಡ್ಡಾದವರು ಎದ್ದಿರಲಿಲ್ಲ. ಹೃದಯವೇ ನಿಂತದ್ದೆಂದು ಡಾಕ್ಟರು ಹೇಳಿದರು. ಕಾಕಾನ ಎದೆಯನ್ನು ಎಲ್ಲರೂ ಕಾಯುತ್ತಿದ್ದೆವು, ಆ ತಾಯಿಯ ಎದೆ ಹೇಗಿದೆಯೆಂದು ಒಬ್ಬರೂ ಕೇಳಿರಲಿಲ್ಲ. ಪಡಸಾಲೆಯಲ್ಲಿ ಕೂರಿಸಲು ಇದ್ದದ್ದು ಆ ಒಂದೇ ಗೋಡೆ. ಭಜನೆಗೆ ಬಂದದ್ದೂ ಫಕೀರಪ್ಪಜ್ಜನ ಮೇಳವೇ. ಅಜ್ಜ ಕಾಕಾನ ಮುಖ ನೋಡಲಿಲ್ಲ. ಹೆಗಲು ಕೊಡಲು ಮೊದಲು ಎದ್ದವರು ಕಾಕಾ. ವೈದ್ಯರು ಭಾರ ಎತ್ತಬಾರದೆಂದಿದ್ದಾರೆ ಎಂದರೂ ಕೇಳಲಿಲ್ಲ.

ಕೆಲವು ತಿಂಗಳ ಮೇಲೆ ನಿರ್ದೇಶಕ ನಮ್ಮಿಬ್ಬರನ್ನೂ ಎಡಿಟಿಂಗ್ ರೂಮಿಗೆ ಕರೆದ. ಆ ದೃಶ್ಯ ಹಾಕಿದ. ಗೌಡಸಾನಿಯ ಅಳುವಿನ ಹಿಂದೆ, ಒಳಮನೆಯಿಂದ ಇನ್ನೊಂದು ಅಳು ಕೇಳುತ್ತಿತ್ತು. ಬಾಯಿಗೆ ಸೆರಗು ತುರುಕಿಕೊಂಡರೂ ತಡೆಯಲಾಗದ ಅಳು. "ಇದು ಯಾರದಂತ ಗೊತ್ತಾಗಲಿಲ್ಲ ಸರ್, ಆದ್ರ ಇಡೀ ಸೀನ್ ನಿಂತಿದ್ದ ಇದರ ಮ್ಯಾಲ," ಎಂದ ಆತ ಹುರುಪಿನಿಂದ. ಕಾಕಾ ಇನ್ನೊಮ್ಮೆ ಹಾಕಿಸಿ ಕೇಳಿದರು. ಆಮೇಲೆ ಎದ್ದು ಹೊರಗೆ ಬಂದು ಮೆಟ್ಟಿಲ ಮೇಲೆ ಕೂತುಬಿಟ್ಟರು.

ನಾನು ಅವರನ್ನು ಕಂಡದ್ದು ಅದೇ ಕೊನೆ. ಆ ಚಿತ್ರ ತೆರೆಗೆ ಬರಲಿಲ್ಲ. ಗೋಪನಕೊಪ್ಪದ ಮನೆಗೆ ಬೀಗ ಬಿದ್ದಿದೆ. ಕಾಕಾ ಎಲ್ಲಿದ್ದಾರೆಂದು ಕೇಳಿದರೆ ಒಬ್ಬೊಬ್ಬರು ಒಂದೊಂದು ಊರು ಹೇಳುತ್ತಾರೆ. ಅಂದು ಮೆಟ್ಟಿಲ ಮೇಲೆ ಕೂತು ಅವರು ಹೇಳಿದ್ದು ಇಷ್ಟೇ:

"ಕಣ್ಣ ಮುಚ್ಚಿ ಕೂತಾಗ ಆ ಅಳೂದು ನನಗ ಕೇಳಿತ್ತಪಾ. ಯಾರೋ ಹೊಸಾಕಿ ಛಲೋ ಅಳಾಕತ್ತಾಳ, ಮುಂದಿನ ಸಿನಿಮಾದಾಗ ದೊಡ್ಡ ಪಾತ್ರ ಕೊಡಬೇಕು ಅಂತ ಮನಸಿನ್ಯಾಗ ಅಂದ್ಕೊಂಡೆ."