ಟಪಾಲಿನವನ ಮೊಣಕಾಲು

ನಮ್ಮ ಮನೆಯವರ ಮೊಣಕಾಲು ಕೆಟ್ಟಿದ್ದು ಓಡಿ ಅಲ್ಲ, ಕಂಡವರ ಮಾತು ಕೇಳಿ.

ಈಗ ಮೊಮ್ಮಗಳು ಕಾಲೇಜಿನ ಓಟಕ್ಕೆ ಹೋಗಿ ಮೊಣಕಾಲು ನೋವು ತಂದುಕೊಂಡಿದ್ದಾಳೆ. ಚಾಪೆಯ ಮೇಲೆ ಅಂಗಾತ ಮಲಗಿ, ಒಂದು ಕಾಲು ಮಡಚಿ, ಇನ್ನೊಂದನ್ನು ನೆಟ್ಟಗೆ ಎತ್ತಿ ಹಿಡಿಯುತ್ತಾಳೆ. ಹೊಸ ವಿದ್ಯೆಯಂತೆ. ಈ ಹೊಸ ವಿದ್ಯೆಗೆ ನಮ್ಮ ಮನೆಯಲ್ಲಿ ಬಿಳಿಯರ ಕಾಲದಲ್ಲೇ ಜಗಳ ಆಗಿ ಹೋಗಿದೆ.

ನಮ್ಮ ಮನೆಯವರು ಆಗ ಟಪಾಲು ಹೊತ್ತು ಓಡುವವರು. ಆಲೂರಿನಿಂದ ದೇವನಕೊಂಡದ ಕಡೆ ಹೋಗುವ ಚೀಲ ಹೆಗಲಿಗೇರಿಸಿ, ಗೆಜ್ಜೆ ಕಟ್ಟಿದ ಕೋಲು ಹಿಡಿದು, ತಮ್ಮ ಪಾಲಿನ ದಾರಿ ಓಡಿ ಮುಂದಿನವನ ಕೈಗೆ ಕೊಡಬೇಕು. ಎರೆಹೊಲದ ದಾರಿ. ಬೇಸಿಗೆಯಲ್ಲಿ ಬಿರುಕು, ಮಳೆ ಬಂದರೆ ಕಾಲು ಬಿಡದ ಕೆಸರು. ಮೊಣಕಾಲಿನ ಚಿಪ್ಪಿನ ಸುತ್ತ ನೋವು ಹಿಡಿಯಿತು. ಕೂತು ಏಳಬೇಕಾದರೆ ಗೋಡೆ ಹಿಡಿಯುತ್ತಿದ್ದರು.

ಗರಡಿಮನೆಯ ಉಸ್ತಾದ ಬಂದ. ಕೆಮ್ಮಿರಲಿ, ಅಜೀರ್ಣವಿರಲಿ, ಸಾಲಾಗಿ ಹೆಣ್ಣು ಹುಟ್ಟಲಿ, ಎಲ್ಲಕ್ಕೂ ಅವನದು ಒಂದೇ ಮದ್ದು.

"ಮಂಡಿ ಜಂಗು ಹಿಡದೈತಿ ಭಾಯಿ. ದಿನಾ ಬಸ್ಕಿ ಹೊಡಿ. ಕಾಲು ಕಂಬ ಆಗ್ತಾವ."

ಕಂಬವೇ ಆಯಿತು. ಮಡಚಲಿಕ್ಕೇ ಬರಲಿಲ್ಲ.

ಬದಲಿ ಆಳು ಚೀಲ ಹೊತ್ತ. ಟಪಾಲಿನ ಓವರ್ಸಿಯರು ಬಂದು ನಮ್ಮ ಮಜ್ಜಿಗೆ ಕುಡಿದು, ಮೀಸೆ ಒರೆಸಿಕೊಂಡು, "ತಿಂಗಳು ತುಂಬೋದ್ರಾಗ ಓಡಿ ತೋರಸಪ್ಪ. ಇಲ್ಲಾಂದ್ರ ಬದಲಿಯವ ಅದಾನಲ್ಲ, ಅವನ್ನ ಖಾಯಂ ಮಾಡ್ತೀವಿ" ಎಂದು ಹೇಳಿ ಹೋದ. ನಮಗೆ ಹೊಲವಿಲ್ಲ. ಆ ಚೀಲವೇ ನಮ್ಮ ಹೊಲ.

ಗಾಡಿ ಕಟ್ಟಿಸಿ ಆದೋನಿಯ ದವಾಖಾನೆಗೆ ಕರೆದೊಯ್ದೆ. ಅಲ್ಲಿನ ಡಾಕ್ಟರು ತೆಲುಗಿನಲ್ಲಿ ಮೊದಲು ಬೈದರು, ಆಮೇಲೆ ಹೇಳಿಕೊಟ್ಟರು. ಬಸ್ಕಿ ಬಿಡು. ಬಾವು ಇಳಿಯಲಿ. ತೊಡೆ ಗಟ್ಟಿಯಾದರೆ ಚಿಪ್ಪಿನ ಮೇಲಿನ ಭಾರ ಕಡಿಮೆಯಾಗುತ್ತದೆ. ಮೊಣಕಾಲಿನ ಕೆಳಗೆ ಬಟ್ಟೆಯ ಸುರುಳಿ ಇಟ್ಟು ಒತ್ತು. ಅಂಗಾತ ಮಲಗಿ ಕಾಲನ್ನು ನೆಟ್ಟಗೆ ಗೇಣೆತ್ತರ ಎತ್ತಿ ಹಿಡಿ, ಮೆಲ್ಲಗೆ ಇಳಿಸು. ಮಗ್ಗುಲಾಗಿಯೂ ಹಾಗೇ. ಮೊದಲು ನಡೆ, ಆಮೇಲೆ ಓಡು. ಸೂಜಿಯಿಲ್ಲ, ಮುಲಾಮಿಲ್ಲ. ಗಾಡಿ ಬಾಡಿಗೆ ದಂಡವಾಯಿತೆಂದು ಇವರು ದಾರಿಯುದ್ದಕ್ಕೂ ಗೊಣಗಿದರು.

ಮನೆಗೆ ಬಂದು ಚಾಪೆ ಹಾಸಿ ಇವರು ಕಾಲೆತ್ತಿದ್ದೇ ತಡ, ನಮ್ಮತ್ತೆ ಎದ್ದು ಕೂತರು.

"ದೇವರ ಗೂಡಿಗೆ ಕಾಲು ತೋರಸ್ತೀಯೇನೋ?"

ಇವರು ತಿರುಗಿ ಮಲಗಿದರು.

"ಹಡದಾಕಿ ಇಲ್ಲಿ ಕುಂತೀನಿ. ನನ್ನ ಮಾರಿಗೇ ಎತ್ತು."

ಬಾಗಿಲ ಕಡೆ ತಿರುಗಿದರು.

"ಹೊರಗ ಕಟ್ಟಿ ಮ್ಯಾಲ ಹಿರೇರು ಕುಂತಾರ."

ಉಳಿದದ್ದು ಒಂದೇ ದಿಕ್ಕು.

"ಅಲ್ಲಿ ಜ್ವಾಳದ ಚೀಲ ಐತಿ. ಉಣ್ಣೋ ಕಾಳಿಗೆ ಒದೀತಿ?"

ಒಂದೇ ಕೋಣೆಯ ಮನೆ. ಮಲಗಿದಾಗ ಎಲ್ಲರ ಕಾಲೂ ಯಾವುದೋ ಒಂದು ಕಡೆ ಇದ್ದೇ ಇರುತ್ತಿದ್ದವು. ಅದಕ್ಕೆ ತಕರಾರಿಲ್ಲ. ಗೇಣೆತ್ತರ ಎತ್ತಿದರೆ ಮಾತ್ರ ದೇವರಿಗೂ ಜೋಳಕ್ಕೂ ಕಣ್ಣು ಬರುತ್ತಿದ್ದವು.

"ಅವ್ವ ನೊಂದ್ಕೋತಾಳ, ಬಿಡು" ಎಂದರು ಇವರು.

"ಕೆಲಸ ಹೋದ್ರ?"

"ಹೋದ್ರ ಹೋತು."

ಹೀಗೆಂದು ಗೋಡೆಗೆ ಮುಖ ಮಾಡಿದರು. ದಾರಿಯಲ್ಲಿ ತೋಳ ಎದುರಾದರೆ ಕೋಲೆತ್ತುವ ಗಂಡಸು, ತಾಯಿಯ ಮುಂದೆ ಕಾಲೆತ್ತಲಾರದೆ ಹೋದರು.

ತಿಂಗಳು ತುಂಬುವ ಮೊದಲೇ ಮತ್ತೆ ಚೀಲ ಹೊತ್ತರೆನ್ನಿ. ಉಸ್ತಾದ ಅದು ತನ್ನ ಬಸ್ಕಿಯ ಫಲವೆಂದ. ಅತ್ತೆ ತಮ್ಮ ಹರಕೆಯ ಫಲವೆಂದರು. ಇಬ್ಬರೂ ಸಾಯುವವರೆಗೆ ಹಾಗೇ ಹೇಳಿಕೊಂಡರು, ನಾನೂ ಬೇಡವೆನ್ನಲಿಲ್ಲ.

"ಹಂಗಾರ ಅಜ್ಜ ಕಾಲು ಎತ್ತಿದ್ದು ಹೆಂಗ?" ಎಂದು ಮೊಮ್ಮಗಳು ಚಾಪೆಯ ಮೇಲಿಂದಲೇ ಕೇಳಿದಳು. ಇಷ್ಟು ವರ್ಷ ಯಾರೂ ಕೇಳಿರಲಿಲ್ಲ, ಹೇಳಿದೆ.

ಜಗಳದ ಮರುದಿನ ಬೆಳಿಗ್ಗೆ ಕಸ ಗುಡಿಸಿ, ಸೀರೆಯನ್ನು ಕಚ್ಚೆ ಕಟ್ಟಿ, ಇವರ ಪಕ್ಕದಲ್ಲೇ ನಾನೊಂದು ಚಾಪೆ ಹಾಸಿದೆ. "ಅತ್ತಿ ನನ್ನ ಬೈಯೋದು ಮುಗಿಯೋದ್ರಾಗ ನಿಮ್ಮದು ಮುಗಿಸ್ರಿ" ಎಂದೆ. ಅತ್ತೆಯ ಕಡೆಗೇ ಕಾಲು ಚಾಚಿ ಮಲಗಿ, ಗೇಣಲ್ಲ, ಮೊಳದೆತ್ತರ ಎತ್ತಿದೆ. ಅತ್ತೆ ನನ್ನಿಂದ ಶುರುಮಾಡಿ, ನನ್ನ ಅವ್ವನನ್ನು ಮುಗಿಸಿ, ಪೆದ್ದಹರಿವಾಣದ ನನ್ನ ತವರಿನವರನ್ನೆಲ್ಲ ಒಬ್ಬೊಬ್ಬರಾಗಿ ಹಿಡಿದರು. ಮಗ ಏನು ಮಾಡುತ್ತಿದ್ದಾನೆಂದು ನೋಡಲು ಅವರಿಗೆ ಪುರುಸೊತ್ತೆಲ್ಲಿ? ಇವರು ಎತ್ತಿದರು, ಹಿಡಿದರು, ಇಳಿಸಿದರು.

ಬೈಗುಳ ಇನ್ನೇನು ನಿಲ್ಲುತ್ತದೆ ಅನ್ನಿಸಿದಾಗ ನಾನು ಇನ್ನೊಂದು ಕಾಲೆತ್ತಿದೆ.