ಅತ್ತೆಯ ಕುರಿ, ಸರಕಾರದ ಜೋಳ

ನಮ್ಮ ಪೆದ್ದಹರಿವಾಣದಲ್ಲಿ ಈ ಸಂಗತಿಯನ್ನು ಎಲ್ಲರೂ ಒಂದೇ ರೀತಿ ಹೇಳುತ್ತಾರೆ. ಯುದ್ಧದ ಕಾಲದ ಬರದಲ್ಲಿ, ಗಂಡ ಸತ್ತ ಅಕ್ಕನಿಗೆ ಸರಕಾರದ ಜೋಳ ಸಿಗಲಿ ಎಂದು ತಮ್ಮನೊಬ್ಬ ಕಂಬಳಿ ಮುಟ್ಟಿ ಸುಳ್ಳು ಹೇಳಿದನಂತೆ. ಅಕ್ಕನ ಹೊಟ್ಟೆಗಾಗಿ ಪಾಪ ಹೊತ್ತುಕೊಂಡನಂತೆ. ಇಲ್ಲಿಗೆ ಬರುವಾಗ ಹೇಳುವವರು ಕೈ ಮುಗಿಯುತ್ತಾರೆ. ಆ ತಮ್ಮ ನನ್ನ ತಂದೆ, ಆ ಅಕ್ಕ ನನ್ನ ಸೋದರತ್ತೆ. ನಾನು ಅಲ್ಲೇ ನಿಂತಿದ್ದೆ. ಈ ಕಥೆಯಲ್ಲಿ ಎರಡು ಮಾತುಗಳನ್ನು ನಾನು ಒಪ್ಪುವುದಿಲ್ಲ. ‘ಅಕ್ಕನಿಗಾಗಿ’ ಎಂಬುದಕ್ಕೆ ಇನ್ನೂ ಪುರಾವೆ ಬೇಕು. ‘ಸುಳ್ಳು’ ಎಂಬುದಕ್ಕೆ ಎದುರು ಪುರಾವೆಯನ್ನು ನಾನೇ ಕೈಯಲ್ಲಿ ಹಿಡಿದು ನೋಡಿದ್ದೇನೆ.

ಆಗ ನಾನು ಆದವಾನಿಯಲ್ಲಿ ಹೈಸ್ಕೂಲು ಓದುತ್ತಿದ್ದೆ. ಹತ್ತಿ ವ್ಯಾಪಾರಿಯೊಬ್ಬರು ನಡೆಸುತ್ತಿದ್ದ ಧರ್ಮದ ಊಟ-ವಸತಿಯಲ್ಲಿ ಇದ್ದೆ. ನಮ್ಮ ಕುಲದಲ್ಲಿ ಕುರಿ ಬಿಟ್ಟು ಪುಸ್ತಕ ಹಿಡಿದ ಮೊದಲನೆಯವನು ನಾನು ಎಂಬ ಸೊಕ್ಕು ನನಗಿತ್ತು. ಶಾಲೆಯ ಚರ್ಚಾಸಭೆಯಲ್ಲಿ ಮೇಷ್ಟ್ರು ಯಾವ ಪಕ್ಷ ಕೊಟ್ಟರೆ ಆ ಪಕ್ಷವನ್ನೇ ಗೆಲ್ಲಿಸಬೇಕು. ಈ ವಾರ ಯಂತ್ರಗಳು ಬೇಕು, ಮುಂದಿನ ವಾರ ಬೇಡ. ಹಾಗಾಗಿ ಲೋಕದಲ್ಲಿ ವಾದಿಸಿ ಸರಿಮಾಡಲಾಗದ್ದು ಏನೂ ಇಲ್ಲ ಎಂದು ನಂಬಿದ್ದೆ.

ಅತ್ತೆ ಅಪ್ಪನಿಗಿಂತ ಹಿರಿಯಳು. ನಮ್ಮೂರಲ್ಲೇ ಕೊಟ್ಟಿದ್ದರು. ಮಕ್ಕಳಿರಲಿಲ್ಲ, ಗಂಡ ಸತ್ತ ಮೇಲೂ ತನ್ನ ಗುಡಿಸಲು ಬಿಟ್ಟು ನಮ್ಮ ಮನೆಗೆ ಬಂದಿರಲಿಲ್ಲ. ಒಂದು ಕಣ್ಣಿಗೆ ಪೊರೆ ಪೂರ್ತಿ ಬಂದಿತ್ತು, ಇನ್ನೊಂದಕ್ಕೆ ಬರುತ್ತಿತ್ತು. ಸೊಂಟ ಬಾಗಿತ್ತು. ಆದರೆ ಅವಳು ಬರಿಗೈಯವಳಾಗಿರಲಿಲ್ಲ. ಮದುವೆಯ ದಿನ ನನ್ನ ತಾತ ಅವಳ ಹೆಸರಿನಲ್ಲಿ ಕೆಲವು ಹೆಣ್ಣು ಮರಿಗಳನ್ನು ಬಿಟ್ಟಿದ್ದ. ನಮ್ಮಲ್ಲಿ ಅದು ರೂಢಿ. ಕುರಿ ತವರಿನ ಹಿಂಡಿನಲ್ಲೇ ಮೇಯುತ್ತವೆ, ತವರಿನವರೇ ಕಾಯುತ್ತಾರೆ, ಉಣ್ಣೆ ಮತ್ತು ಮರಿ ಮಗಳವು. ಗುರುತಿಗೆ ಕಿವಿ ಕೊಯ್ಯುತ್ತಾರೆ. ನಮ್ಮ ಮನೆತನದ ಕುರಿಗಳಿಗೆ ಬಲಗಿವಿಯ ತುದಿ ಅಡ್ಡ ಕೊಯ್ದಿರುತ್ತದೆ. ಅತ್ತೆಯ ಕುರಿಗಳಿಗೆ ಬಲಗಿವಿ ಮುಟ್ಟದೆ ಎಡಗಿವಿಯ ತುದಿಯನ್ನು ಉದ್ದಕ್ಕೆ ಸೀಳಿರುತ್ತಿತ್ತು. ಆ ಮರಿಗಳ ಸಂತಾನ ಬೆಳೆದು, ನಮ್ಮ ಹಿಂಡಿನ ಒಂದು ಮೂಲೆ ತುಂಬುವಷ್ಟು ಅತ್ತೆಯ ಕುರಿಗಳಿದ್ದವು.

ಆ ವರ್ಷ ಮಳೆ ಬರಲಿಲ್ಲ. ಹಿಂಡನ್ನು ಚಿಕ್ಕಪ್ಪ ನಂದವರದ ಆಚೆ ಹೊಳೆಯ ದಂಡೆಗೆ ಹೊಡೆದುಕೊಂಡು ಹೋದ. ಆದವಾನಿ ಸಂತೆಯಲ್ಲಿ ಕುರಿಯ ಬೆಲೆ ಕುಸಿದಿತ್ತು. ಮಾರಬಾರದೇ ಎಂದು ನಾನು ಕೇಳಿದ್ದಕ್ಕೆ ಅತ್ತೆ ನಕ್ಕಳು.

“ಏನಪಾ ಅಳಿಯ, ಇಷ್ಟು ಓದಿ ಇದ ಕಲ್ತೇನು? ಈಗ ಮಾರಿದ್ರ ತೊಗಲಿನ ರೊಕ್ಕ ಬರತೈತಿ, ಕುರಿದಲ್ಲ. ಗಬ್ಬ ಅದಾವು. ಮಳಿ ಬರೂತನ ಹೊಟ್ಟಿ ಬಿಗಿ ಹಿಡಕೊಂಡ್ರ ಅವು ಎರಡರಷ್ಟು ಆಗತಾವು.”

ಅವಳ ಲೆಕ್ಕ ಅಷ್ಟೇ. ಕೆಲವು ತಿಂಗಳು ಹೇಗಾದರೂ ದೂಡಬೇಕು, ಕುರಿ ಮುಟ್ಟಬಾರದು. ಆ ಸಮಯಕ್ಕೆ ಸರಿಯಾಗಿ ಸರಕಾರದ ಡಂಗುರವಾಯಿತು. ಮೈಯಲ್ಲಿ ಕಸುವಿದ್ದವರು ರಸ್ತೆಗೆ ಕಲ್ಲು ಒಡೆಯಲು ಹೋಗಬೇಕು, ಕೂಲಿ ಕೊಡುತ್ತಾರೆ. ಕೈಲಾಗದವರಿಗೆ ವಾರಕ್ಕೊಮ್ಮೆ ಚಾವಡಿಯಲ್ಲಿ ಪುಕ್ಕಟೆ ಜೋಳ. ಯಾರು ಕೈಲಾಗದವರು ಎಂದು ನೋಡಲು ಆದವಾನಿಯಿಂದ ಇನ್ಸ್‌ಪೆಕ್ಟರು ಬರುತ್ತಾರೆ. ಊರ ಲೆಕ್ಕಪತ್ರ ನೋಡುವ ಕರಣಂ ನಿಯಮಗಳನ್ನು ಬಿಡಿಸಿ ಹೇಳಿದರು: ದುಡಿಯುವ ಮೈ ಇರಬಾರದು, ಹೊಲ-ಜಾನುವಾರು ಇರಬಾರದು, ಸಾಕುವ ರಕ್ತಸಂಬಂಧಿ ಇರಬಾರದು. ಜಾನುವಾರಿನಲ್ಲಿ ಕುರಿಯೂ ಬಂತೇ ಎಂದು ಯಾರೋ ಕೇಳಿದರು. ಕೋಳಿಯೂ ಬಂತು ಎಂದರು ಕರಣಂ.

ಇನ್ಸ್‌ಪೆಕ್ಟರು ಬಂದ ದಿನ ರಜೆಗೆ ಬಂದಿದ್ದ ನಾನೂ ಊರಿನಲ್ಲಿದ್ದೆ. ಒಂದು ಕೋಳಿಯೂ ಕಾಣಲಿಲ್ಲ. ಎಲ್ಲ ಬುಟ್ಟಿಯ ಕೆಳಗೆ. ಚಾವಡಿಯ ಹಿಂದಿನ ಮನೆಯಲ್ಲಿ ಒಂದು ಹುಂಜ ಮಾತ್ರ ಬುಟ್ಟಿಯೊಳಗಿಂದಲೇ ಕೂಗುತ್ತಿತ್ತು. ಇನ್ಸ್‌ಪೆಕ್ಟರು ತಲೆ ಎತ್ತಿದಾಗಲೆಲ್ಲ ಆ ಮನೆಯ ಮುದುಕ ಜೋರಾಗಿ ಕೆಮ್ಮುತ್ತಿದ್ದ.

ಆ ಬೆಳಿಗ್ಗೆ ನಕ್ಕದ್ದು ಅಷ್ಟೇ. ಪುಕ್ಕಟೆ ಜೋಳ ಎಂದರೆ ಕೈಯೊಡ್ಡಿ ಪಡೆಯುವುದು ಎಂದುಕೊಂಡಿದ್ದ ನನಗೆ, ಅದಕ್ಕೆ ಮುಂಚೆ ಮೈ ತೋರಿಸಬೇಕು ಎಂಬುದು ಗೊತ್ತಿರಲಿಲ್ಲ. ಮುದುಕರ ತೋಳು ಹಿಡಿದು ಮಾಂಸ ಎಷ್ಟಿದೆ ಎಂದು ಒತ್ತಿ ನೋಡಿದರು. ಒಬ್ಬಳಿಗೆ ಚಾವಡಿಯ ಈ ಕಂಬದಿಂದ ಆ ಕಂಬದವರೆಗೆ ನಡೆ ಎಂದರು. ಅವಳು ಮಾನಕ್ಕೆ ಅಂಜಿ ನೆಟ್ಟಗೆ ನಡೆದುಬಿಟ್ಟಳು, “ಕಲ್ಲು ಒಡಿಯಾಕ ಹೋಗು” ಎಂದುಬಿಟ್ಟರು. ನಮ್ಮ ಸಂತೆಯಲ್ಲಿ ಟಗರು ಕೊಳ್ಳುವವರೂ ಹೀಗೇ ಬೆನ್ನು ಒತ್ತಿ ನೋಡುತ್ತಾರೆ. ಅಲ್ಲಿ ಕೊಬ್ಬಿದ್ದರೆ ಬೆಲೆ, ಇಲ್ಲಿ ಇಲ್ಲದಿದ್ದರೆ ಬೆಲೆ.

ಅತ್ತೆಯ ಸರದಿ ಬಂತು. ಕಣ್ಣಿನ ಮುಂದೆ ಬೆರಳು ಆಡಿಸಿದರು, ಸೊಂಟ ನೋಡಿದರು. ಮೊದಲನೆಯ ನಿಯಮ ದಾಟಿತು.

“ಆಸ್ತಿ ಏಮುಂದಮ್ಮಾ?” ಆಸ್ತಿ ಏನಿದೆ ಎಂದು ಇನ್ಸ್‌ಪೆಕ್ಟರು ತೆಲುಗಿನಲ್ಲಿ ಕೇಳಿದರು.

“ಗುಡ್ಸಲ ಐತ್ರಿ. ಮ್ಯಾಲಿನ ಸೊಪ್ಪಿ ಹೋದ ವರ್ಷ ಹಾರಿ ಹೋತು.”

“ನೋಡಿಕೊಳ್ಳುವವರು?” ಎಂದರು, ಈಗ ಕನ್ನಡಕ್ಕೆ ತಿರುಗಿ.

ಕರಣಂ ಗಲ್ಲ ಎತ್ತಿ ಅಪ್ಪನ ಕಡೆ ತೋರಿಸಿದರು. “ಒಡಹುಟ್ಟಿದ ತಮ್ಮ. ಹಿಂಡು ಐತಿ.”

ಇನ್ಸ್‌ಪೆಕ್ಟರು ಅಪ್ಪನನ್ನು ಮುಂದೆ ಕರೆದರು. “ಏನಯ್ಯಾ, ಸ್ವಂತ ಅಕ್ಕಗ ನೀ ಊಟ ಹಾಕಂಗಿಲ್ಲೇನು?”

“ಹಾಕಂಗಿಲ್ರಿ.”

ಅಪ್ಪ ಇದನ್ನು ಹೇಳಿದ ರೀತಿ ಈಗಲೂ ನನ್ನ ಕಿವಿಯಲ್ಲಿದೆ. ಹಗ್ಗ ಎಲ್ಲಿದೆ ಎಂದು ಕೇಳಿದರೆ ಗೂಟದಲ್ಲಿದೆ ಎನ್ನುವ ಧ್ವನಿ. “ಆಕೀನ ಬ್ಯಾರೆ ಮನಿಗೆ ಕೊಟ್ಟೀವ್ರಿ. ನನ್ನ ಮನ್ಯಾಗ ತಿನ್ನೋ ಬಾಯಿ ಭಾಳ ಅದಾವು.” ಊರ ಹೆಂಗಸರು ಸೆರಗು ಬಾಯಿಗೆ ಒತ್ತಿಕೊಂಡರು. ಮುನ್ನಾದಿನವಷ್ಟೇ ಅಮ್ಮ ಕೊಟ್ಟ ರೊಟ್ಟಿಯನ್ನು ಅತ್ತೆ ನಮ್ಮ ಜಗಲಿಯಲ್ಲಿ ಕೂತು ತಿಂದಿದ್ದಳು. ಒಬ್ಬ ಹೆಣ್ಣುಮಗಳು ಅನಾಥೆ ಎಂದು ಸಾಬೀತಾಗಬೇಕಾದರೆ ಅವಳ ತಮ್ಮನೇ ಊರೆದುರು ಅವಳನ್ನು ಕೈಬಿಡಬೇಕು. ಇಂಥ ನಿಯಮ ಬರೆದವರಿಗೆ ಅಕ್ಕತಂಗಿಯರು ಇರಲಿಲ್ಲವೇ ಎಂದು ನನ್ನ ತಲೆ ಬಿಸಿಯಾಗಿತ್ತು.

ಅಷ್ಟರಲ್ಲಿ ಕರಣಂ ಇನ್ನೊಂದು ಮಾತು ಹಾಕಿದರು. “ಈಕಿವೂ ಕುರಿ ಅದಾವು ಸಾರ್. ಇವನ ಹಿಂಡಿನ್ಯಾಗ.”

ನಾನು ಮುಂದೆ ಬಂದೆ. ನನ್ನ ವಾದ ಸಿದ್ಧವಿತ್ತು. ಹೊಳೆಯ ದಂಡೆಯಲ್ಲಿರುವ ಗಬ್ಬದ ಕುರಿಯನ್ನು ಇಲ್ಲಿರುವ ಮುದುಕಿ ಹಾಲು ಕರೆಯಲಾರಳು, ಕೊಯ್ಯಲಾರಳು, ಮಾರಲಾರಳು. ಆದ್ದರಿಂದ ಅದು ಆಸ್ತಿಯಾದರೂ ಅನ್ನವಲ್ಲ. ಸರಕಾರ ಅಳೆಯಬೇಕಾದ್ದು ಹಸಿವನ್ನು. ಇನ್ಸ್‌ಪೆಕ್ಟರು ನನ್ನ ಅಂಗಿಯನ್ನು, ಕ್ರಾಪನ್ನು ನೋಡಿ ಎಲ್ಲಿ ಓದುತ್ತೀ ಎಂದರು. ಕೇಳುತ್ತಿದ್ದರು, ನಿಜವಾಗಿಯೂ ಕೇಳುತ್ತಿದ್ದರು.

ಅಪ್ಪ ನನ್ನ ಭುಜ ಹಿಡಿದು ಹಿಂದಕ್ಕೆ ಸರಿಸಿದ. “ಹುಡುಗಗ ಗೊತ್ತಿಲ್ರಿ. ನನ್ನ ಹಿಂಡಿನ್ಯಾಗ ನಮ್ಮಕ್ಕನ ಗುರ್ತಿನ ಕುರಿ ಒಂದೂ ಇಲ್ಲ.”

ಕರಣಂ ನಕ್ಕರು. “ಕಂಬಳಿ ಮುಟ್ಟಿ ಹೇಳ್ತೀಯೇನು?”

ಕಂಬಳಿ ನಮಗೆ ಹೊದಿಕೆಯಷ್ಟೇ ಅಲ್ಲ. ದೇವರನ್ನು ಕೂರಿಸುವುದು ಅದರ ಮೇಲೆ, ಮದುಮಕ್ಕಳನ್ನು ಕೂರಿಸುವುದು ಅದರ ಮೇಲೆ. ಅದನ್ನು ಮುಟ್ಟಿ ಸುಳ್ಳಾಡಿದವನ ಹಿಂಡು ಉಳಿಯುವುದಿಲ್ಲ ಎಂದು ನಮ್ಮವರು ನಂಬುತ್ತಾರೆ. ಅಪ್ಪನಂತೂ ಕಂಬಳಿಯನ್ನು ದಾಟಿ ಹೆಜ್ಜೆಯಿಡದವನು. ಅಪ್ಪ ಹಿಂದೆ ಸರಿಯುತ್ತಾನೆ, ಮಾತು ಇಲ್ಲಿಗೆ ಮುಗಿಯಿತು ಎಂದು ನಾನು ತಿಳಿದೆ. ಅಪ್ಪ ಹೆಗಲ ಕಂಬಳಿ ತೆಗೆದು ಮಡಿಸಿದ, ನೆಲದ ಮೇಲೆ ಇಟ್ಟ, ಎರಡೂ ಅಂಗೈ ಅದರ ಮೇಲೆ ಊರಿದ. ಮೊದಲಿನ ಮಾತನ್ನೇ ಅಕ್ಷರ ಬಿಡದೆ ಇನ್ನೊಮ್ಮೆ ಹೇಳಿದ.

ಕರಣಂ ಅವರ ನಗು ಬಾಯಿಯಲ್ಲೇ ನಿಂತಿತ್ತು. ಅತ್ತೆ ಕಂಬ ಹಿಡಿದುಕೊಂಡಳು. ಇನ್ಸ್‌ಪೆಕ್ಟರಿಗೆ ಇದೆಲ್ಲ ಅರ್ಥವಾಗಲಿಲ್ಲ, ಅವರು ಚೀಟಿ ಬರೆದು ಕೊಟ್ಟು ಮುಂದಿನವರನ್ನು ಕರೆದರು.

ದಾರಿಯಲ್ಲಿ ಅತ್ತೆ ನನ್ನ ತೋಳು ಹಿಡಿದಿದ್ದಳು. “ಸುಳ್ಳು ಹೇಳು ಅಂತ ನಾನ ಹೇಳಿದ್ದೆ ಅಳಿಯ. ಅಕ್ಕಗ ಊಟ ಹಾಕಂಗಿಲ್ಲ ಅನ್ನು, ಕುರಿ ಇಲ್ಲ ಅನ್ನು ಅಂದಿದ್ದೆ. ಕಂಬಳಿ ಮುಟ್ಟು ಅಂದಿರಲಿಲ್ಲ. ಇದು ಹೆಂಗ ತಡಕೊಂಡಾನ ಅವ?”

ಹೇಗೆ ತಡೆದುಕೊಂಡನೆಂದರೆ, ಮನೆಗೆ ಬಂದು ಕಾಲು ತೊಳೆದು, ಹಸಿಮೆಣಸಿನಕಾಯಿ ಕಚ್ಚಿಕೊಂಡು ರೊಟ್ಟಿ ತಿಂದು ಗೊರಕೆ ಹೊಡೆದ. ಪಾಪ ಹೊತ್ತವನ ನಿದ್ದೆ ಅದಾಗಿರಲಿಲ್ಲ. ನನಗೆ ಭಯವಾಯಿತು. ಆದರೆ ಊರು ಅಷ್ಟು ಹೊತ್ತಿಗೆ ಕಥೆ ಕಟ್ಟಿ ಮುಗಿಸಿತ್ತು, ಅಪ್ಪ ಅದರಲ್ಲಿ ದೊಡ್ಡವನಾಗಿದ್ದ.

ಅತ್ತೆ ಜೋಳ ತಂದಳು, ಬೀಸಿದಳು, ತಿಂದಳು, ಉಳಿದಳು. ಮುಂದಿನ ಮುಂಗಾರು ಬಂತು. ರಜೆಗೆ ನಾನು ಊರಿಗೆ ಬಂದಾಗ ಹಿಂಡೂ ಬಂದಿತ್ತು. ಬೆಳಿಗ್ಗೆ ಅತ್ತೆ ನನ್ನನ್ನು ಕರೆದುಕೊಂಡು ಕುರಿರೊಪ್ಪಕ್ಕೆ ಹೋದಳು. ಆ ಹೊತ್ತಿಗೆ ಅವಳಿಗೆ ಬೆಳಕು ಮಾತ್ರ ಕಾಣುತ್ತಿತ್ತು. “ಕಂದು ಮೋತಿದು ಹಿಡಿ” ಎಂದಳು. ಅದು ಕಂದು ಮುಖದ ಅವಳ ಹಳೆಯ ಕುರಿ, ನಮ್ಮ ಮನೆಯವರೆಲ್ಲರಿಗೂ ಗೊತ್ತು. ಹಿಡಿದು ತಂದೆ. ಅವಳು ಎಡಗಿವಿಯನ್ನು ಬೆರಳುಗಳ ನಡುವೆ ತೆಗೆದುಕೊಂಡು ತುದಿಯವರೆಗೆ ಸವರಿದಳು. ಸೀಳು ಇರಲಿಲ್ಲ. ಸೀಳು ಎಲ್ಲಿಯವರೆಗೆ ಇತ್ತೋ ಅಲ್ಲಿಗೆ ಕಿವಿಯನ್ನೇ ಅಡ್ಡ ಕೊಯ್ದು ತೆಗೆದಿದ್ದರು. ಬಲಗಿವಿಗೆ ನಮ್ಮ ಮನೆತನದ ಗುರುತು ಬಿದ್ದಿತ್ತು. ಇನ್ನೊಂದು ಹಿಡಿದೆ, ಮತ್ತೊಂದು ಹಿಡಿದೆ. ಎಲ್ಲವೂ ಹಾಗೆಯೇ. ಗಾಯಗಳು ಎಂದೋ ಮಾಯ್ದು, ಅಂಚಿಗೆ ಕೂದಲು ಬಂದಿತ್ತು.

ನನ್ನ ಕೈಯಲ್ಲಿದ್ದ ಕುರಿ ಜಾರಿ ಓಡಿತು. ‘ನಮ್ಮಕ್ಕನ ಗುರ್ತಿನ ಕುರಿ ಒಂದೂ ಇಲ್ಲ.’ ಅಪ್ಪ ಆಡಿದ ಮಾತು ಇದು. ಕುರಿ ಇಲ್ಲ ಎಂದಿರಲಿಲ್ಲ, ಗುರುತಿನ ಕುರಿ ಇಲ್ಲ ಎಂದಿದ್ದ. ಕಂಬಳಿ ಮುಟ್ಟುವ ಹೊತ್ತಿಗೆ ಅದನ್ನು ನಿಜ ಮಾಡಿಟ್ಟೇ ಬಂದಿದ್ದನೇ?

“ನಿಮ್ಮಪ್ಪ ಸುಳ್ಳು ಹೇಳಿಲ್ಲ ಬಿಡು” ಎಂದಳು ಅತ್ತೆ. ಕುರಿಹಿಕ್ಕೆಯ ಮೇಲೆಯೇ ಕೂತುಬಿಟ್ಟಳು.

ನಾನು ಪಂಚಾಯ್ತಿ ಸೇರಿಸೋಣ ಎಂದೆ. ಅವಳು ತಲೆಯಾಡಿಸಿದಳು. “ಏನಂತ ಸೇರಸ್ತಿ? ಕುರಿ ನನ್ನವು ಅಂದ್ರ ಸರಕಾರದ ಜೋಳ ಯಾಕ ತಿಂದಿ ಅಂತಾರ. ಅಲ್ಲ ಅಂದ್ರ ಮುಗೀತು.” ಕೈಗಂಟಿದ ಹಿಕ್ಕೆ ಒರೆಸಿಕೊಂಡು ಮತ್ತೆ ಹೇಳಿದಳು. “ನಿಮ್ಮಪ್ಪ ಹೊಳಿ ದಂಡಿಗೆ ಬುತ್ತಿ ಒಯ್ದು ಎರಡು ಸಲ ಹೋಗಿದ್ದ. ಒಮ್ಮಿ ದೀಪಾವಳಿ ಮುಗದ ಮ್ಯಾಲ, ಆವಾಗ ಜೋಳದ ಸುದ್ದಿನ ಇರಲಿಲ್ಲ. ಇನ್ನೊಮ್ಮಿ ಡಂಗುರ ಆದ ಮ್ಯಾಲ, ನಾ ಹೋಗಿ ಅವಗ ಹಿಂಗಿಂಗ ಹೇಳು ಅಂದ ಮರುದಿನ. ಆ ಎರಡನೇ ಸಲ ಕೊಯ್ದಿದ್ರ ನನ್ನ ಸಲುವಾಗಿ ಕೊಯ್ದಾನ. ಇವತ್ತಲ್ಲ ನಾಳೆ ನನ್ನ ಕುರಿ ನನಗ ಬರತಾವು, ನಾ ಬಾಯಿ ತೆರಿಯಂಗಿಲ್ಲ. ಮೊದಲನೇ ಸಲ ಕೊಯ್ದಿದ್ರ ತನ್ನ ಸಲುವಾಗಿ.”

ನೀನೇ ಕೇಳು ಎಂದೆ.

“ನಾ ಕೇಳಿದ್ರ ಜಗಳ ಆಗತೈತಿ. ನೀ ಕೇಳಿದ್ರ ಬರೇ ಪ್ರಶ್ನಿ ಆಗತೈತಿ.”

ಮೊದಲು ಚಿಕ್ಕಪ್ಪನನ್ನು ಕೇಳಿದೆ. ಅವನು ಉಣ್ಣೆಯ ಕತ್ತರಿ ಮಸೆಯುತ್ತ ಮುಖ ಎತ್ತಲಿಲ್ಲ. “ನಾ ಕುರಿ ಹಿಡದೆ, ಅಣ್ಣ ಕೊಯ್ದ. ಯಾವಾಗ, ಯಾಕ ಅಂತ ನಿಮ್ಮಪ್ಪನ್ನ ಕೇಳು.”

ಎರಡೂ ಪಕ್ಷಗಳನ್ನು ನಾನು ಮನಸ್ಸಿನಲ್ಲೇ ವಾದಿಸಿ ನೋಡಿದೆ. ಆ ಮಾಯ್ದ ಗಾಯ ಎರಡು ಕಾಲಕ್ಕೂ ಹೊಂದುತ್ತಿತ್ತು. ಹೊಳೆಯ ದಂಡೆಯಲ್ಲಿ ಹುಟ್ಟಿದ ಅತ್ತೆಯ ಮರಿಗಳಿಗೂ ನಮ್ಮ ಗುರುತೇ ಬಿದ್ದಿದ್ದು ಅಪ್ಪನಿಗೆ ವಿರುದ್ಧ. ಆದರೆ ಜೋಳ ಇನ್ನೂ ನಿಂತಿರಲಿಲ್ಲವಲ್ಲ, ಅವಕ್ಕೆ ಅತ್ತೆಯ ಗುರುತು ಹಾಕಿದ್ದರೆ ಸಿಕ್ಕಿಬೀಳುತ್ತಿದ್ದರಲ್ಲ ಎಂದು ಎದುರು ಪಕ್ಷ ಹೇಳುತ್ತಿತ್ತು. ಯಾವ ಪಕ್ಷವೂ ಗೆಲ್ಲಲಿಲ್ಲ. ನನ್ನ ವಿದ್ಯೆಯ ಬಗ್ಗೆ ನನಗೆ ಮೊದಲ ಸಲ ಅಸಹ್ಯವಾಯಿತು.

ಅಪ್ಪ ರೊಪ್ಪದ ಬಾಗಿಲಿಗೆ ಜಾಲಿಮುಳ್ಳು ಎಳೆಯುತ್ತಿದ್ದ. ಅತ್ತೆ ಗೋಡೆಗೆ ಒರಗಿ, ನನ್ನ ಹೆಜ್ಜೆಸದ್ದು ಬಂದ ಕಡೆಗೆ ಮುಖ ತಿರುಗಿಸಿ ನಿಂತಿದ್ದಳು. ಅಪ್ಪ ಇಬ್ಬರನ್ನೂ ನೋಡಿದ, ಮುಳ್ಳಿನ ಕೊಂಬೆಯನ್ನು ಕೈಯಲ್ಲೇ ಹಿಡಿದುಕೊಂಡಿದ್ದ.

“ಅಪ್ಪಾ, ಅತ್ತಿ ಕುರಿ ಕಿವಿ ಡಂಗುರಕ್ಕಿಂತ ಮೊದ್ಲ ಕೊಯ್ದ್ಯೋ, ಆಮ್ಯಾಲ ಕೊಯ್ದ್ಯೋ?”